ಕಾರಿನ ಕೆಳಗಿನ ದನಿ

ಹೆಣ್ಣು ನೋಡಲು ಬಂದವರು ಸಾಮಾನ್ಯವಾಗಿ ಬಿಟ್ಟುಹೋಗುವುದು ಎಲೆ-ಅಡಿಕೆಯ ಚೂರು ಮತ್ತು 'ತಿಳಿಸ್ತೀವಿ' ಎಂಬ ಒಂದು ಮಾತು. ಅಕ್ಕಲಕೋಟದ ಶಿವಶರಣಪ್ಪ ಬಿಟ್ಟದ್ದು ಎಣ್ಣೆ. ಅದೂ ಅಂಗಳದ ನಟ್ಟನಡುವೆ, ಲೀಲಾಬಾಯಿ ಬೆಳಗಿನಿಂದ ಕೂತು ಬಿಡಿಸಿದ್ದ ರಂಗೋಲಿಯ ನವಿಲಿನ ನೆತ್ತಿಯ ಮೇಲೆ. ನಗಬೇಡಿ. ನಡೆದದ್ದನ್ನು ನಡೆದ ಹಾಗೆಯೇ ಹೇಳುವುದು, ಒಂದು ಹನಿಯೂ ಬೆರೆಸದೆ. ಚಹಾ ಮುಗಿಯುವಷ್ಟರಲ್ಲಿ ಆ ನವಿಲು ಕಾಗೆಯಾಗಿತ್ತು.

ಅದನ್ನು ಮೊದಲು ಕಂಡವನು ರಾಚಪ್ಪ.

"ಮಾವಾ, ಮನಿಗೆ ಬಂದ ಪಾವಣ್ಯಾರ ಗಾಡಿಗೆ ನೆಗಡಿ ಆಗೇದ್ರಿ," ಎಂದು ಅವನು ಕಂಬಕ್ಕೆ ಒರಗಿದಲ್ಲಿಂದಲೇ ಕೂಗಿದ.

ಮಾವನೆಂದರೆ ಸಿದ್ದರಾಮಪ್ಪ, ಸೊಲ್ಲಾಪುರದ ನೂಲಿನ ವ್ಯಾಪಾರಿ, ಲೀಲಾಬಾಯಿಯ ತಂದೆ. ರಾಚಪ್ಪ ಅವರ ತಂಗಿಯ ಮಗ, ಎದುರುಮನೆಯವನು. ಪುಣೆಯಲ್ಲಿ ಬಿ.ಎ. ಮಾಡಿ ಬಂದಿದ್ದ. ಅಲ್ಲಿ ಓದಿದ್ದು ತರ್ಕಶಾಸ್ತ್ರ, ಕರಗತವಾದದ್ದು ಪ್ರೊಫೆಸರರ ಕೆಮ್ಮು. ಒಮ್ಮೆ ಕೇಳಿದರೆ ಸಾಕು, ಯಾರ ದನಿಯೂ ಅವನ ಗಂಟಲಲ್ಲಿ ಬಾಡಿಗೆಗೆ ಇಳಿಯುತ್ತಿತ್ತು. ಪಾಳಿಗೆ ಕರೆಯುವ ಗಿರಣಿಯ ಭೋಂಗಾದಂತೆ ಕೂಗಿದನೆಂದರೆ ಓಣಿಯ ನೇಕಾರರು ಬುತ್ತಿ ಹಿಡಿದು ಹೊರಬರುತ್ತಿದ್ದರು.

ಒಂದು ದನಿಯನ್ನು ಮಾತ್ರ ಅವನು ಎಂದೂ ಬಳಸಿರಲಿಲ್ಲ. ತನ್ನದನ್ನು.

ಲೀಲಾಳನ್ನು ಅವನು ಲಗ್ನಕ್ಕೆ ಕೇಳಿದ್ದ. ಎಷ್ಟೋ ಸಲ ಕೇಳಿದ್ದ. ಅವಳ ಅಪ್ಪನ ದನಿಯಲ್ಲಿ, ಮಠದ ಸ್ವಾಮಿಗಳ ದನಿಯಲ್ಲಿ, ಕೊನೆಗೆ ಭೋಂಗಾದ ದನಿಯಲ್ಲಿ ಕೂಡ. ಪ್ರತಿ ಸಲವೂ ಅವಳು ಬಾಯಿಗೆ ಸೆರಗು ಒತ್ತಿಕೊಂಡು ನಕ್ಕಿದ್ದಳು. ಆ ನಗೆಯನ್ನು ನೋಡುತ್ತ ಅವನು ಉತ್ತರ ಕೇಳುವುದನ್ನೇ ಮರೆಯುತ್ತಿದ್ದ. ಅವಳು ನಕ್ಕಾಗ ಎಡಗೆನ್ನೆ ಮಾತ್ರ ಗುಳಿ ಬೀಳುತ್ತಿತ್ತು, ಬಲಗೆನ್ನೆ ಯಾಕೋ ಸಿಟ್ಟಿನಲ್ಲಿರುವಂತೆ ಸುಮ್ಮನಿರುತ್ತಿತ್ತು. ಹೇಗೂ ಸೋದರಮಾವನ ಮಗಳು. ಎಲ್ಲಿ ಹೋಗುತ್ತಾಳೆ ಎಂದು ಅವನೂ ನಿಶ್ಚಿಂತನಾಗಿದ್ದ. ಈಗ ನೋಡಿದರೆ ಅಂಗಳದಲ್ಲಿ ಒಂದು ಕಾರು ನಿಂತಿತ್ತು.

ಶಿವಶರಣಪ್ಪ ಒಳಗಿನಿಂದ ಬಂದು ಕುಕ್ಕುರುಗಾಲಲ್ಲಿ ಕೂತ. ಎಣ್ಣೆಯಲ್ಲಿ ಬೆರಳದ್ದಿ, ಉಜ್ಜಿ, ಮೂಸಿದ. ಅಕ್ಕಲಕೋಟದ ಜಮೀನುದಾರರ ಮಗ. ಎತ್ತರದ ಆಳು, ಮಾತು ಗಿಡ್ಡ. ಪ್ರತಿ ವಾಕ್ಯಕ್ಕೂ ಮೊದಲು ಮೂಗಿನಿಂದ ಒಂದು 'ಹ್ಞುಂ' ಹೊರಡಿಸುತ್ತಿದ್ದ, ವಾಕ್ಯವನ್ನು ತಕ್ಕಡಿಗೆ ಹಾಕಿ ತೂಗಿದಂತೆ.

"ಹ್ಞುಂ. ಹಿಂದಿನ ಸೀಲು ಹೋಗೇದ. ಇಂಜಿನ್ನಿನ ದಂಡ ಕ್ಲಚ್ಚಿನ ಕಡೆ ಹೊರಗ ಬರ್ತದಲ್ಲ, ಅಲ್ಲಿ ಸುತ್ತಲೂ ಒಂದು ಹಗ್ಗ ಅದುಮಿರ್ತಾರ, ಎಣ್ಣಿ ಹೊರಗ ಬರಬಾರದಂತ. ಹಳೇ ಗಾಡಿ. ಹಗ್ಗ ಸುಟ್ಟಿರಬೇಕು. ಎಣ್ಣಿ ಕ್ಲಚ್ಚಿಗೆ ಹತ್ತೇದ. ಬರಾಗ ಏರಿನಾಗ ಇಂಜಿನ್ನು ಓಡತಿತ್ತು, ಗಾಡಿ ನಿಂತಿತ್ತು."

"ನಮ್ಮ ಕಾಲೇಜಿನಾಗೂ ಹಂಗೇ ಇತ್ತ್ರಿ," ಎಂದ ರಾಚಪ್ಪ. "ಪ್ರೊಫೆಸರು ಓಡತಿದ್ರು, ಕ್ಲಾಸು ನಿಂತಿರ್ತಿತ್ತು."

ಬಾಗಿಲ ಹಿಂದೆ ಬಳೆಗಳು ನಕ್ಕವು. ಶಿವಶರಣಪ್ಪ ನಗಲಿಲ್ಲ. ಜೊತೆಗೆ ಬಂದಿದ್ದ ಅವನ ಕಾಕಾ ಚನ್ನವೀರಪ್ಪನವರು ಮೀಸೆ ತಿರುವುತ್ತ ಕೇಳಿದರು: "ಗಾಡಿ ವಿಚಾರ ಆಮ್ಯಾಲ. ಹುಡಿಗಿ ಹೆಂಗೋ?"

"ಹ್ಞುಂ. ನೋಡೂಣ."

ಈ 'ನೋಡೂಣ' ದೊಡ್ಡ ತಾಪತ್ರಯವಾಯಿತು. ಯಾಕೆಂದರೆ ಈ ಮನೆತನಗಳಲ್ಲಿ ಒಂದು ಪದ್ಧತಿ. ಗಂಡಿನವರು ಒಪ್ಪಿಗೆ ಹೇಳುವ ತನಕ ಹೆಣ್ಣಿನ ಮನೆಯಲ್ಲಿ ಚಹಾ ಕುಡಿಯಬಹುದು, ಅವಲಕ್ಕಿ ತಿನ್ನಬಹುದು, ಹೋಳಿಗೆ ಉಣ್ಣುವಂತಿಲ್ಲ. ಗಂಡು ಒಪ್ಪಿದರೆ ಹೆಣ್ಣಿನ ಮನೆಯವರು ಬಾಯಿಬಿಟ್ಟು ಏನೂ ಅನ್ನುವುದಿಲ್ಲ, ಹೋಳಿಗೆ ಬಡಿಸುತ್ತಾರೆ. ಅವನು ಉಂಡರೆ ಮುಗಿಯಿತು, ಲಗ್ನ ನಿಶ್ಚಯ. ಉಂಡ ಹೋಳಿಗೆಯನ್ನು ಹಿಂದಕ್ಕೆ ಪಡೆದವರು ಯಾರೂ ಇಲ್ಲ.

ಒಳಗೆ ಲೀಲಾಳ ತಾಯಿ ಗಿರಿಜಾಬಾಯಿ ಆಸೆಯಿಂದ ಹೂರಣ ಕುದಿಸಿ ಇಟ್ಟುಕೊಂಡಿದ್ದರು. ಹೊರಗೆ ಬೀಗರು ಎರಡನೆಯ ಸಲ ಅವಲಕ್ಕಿ ತಿನ್ನುತ್ತಿದ್ದರು.

"ಇವರು ಒಲ್ಲೆ ಅಂದ್ರ ಅನ್ಲಿ," ಎಂದು ಗಿರಿಜಾಬಾಯಿ ಒಲೆಗೆ ಹೇಳಿದ್ದು ಅಂಗಳದಲ್ಲಿದ್ದ ರಾಚಪ್ಪನಿಗೂ ಕೇಳಿಸಿತು. "ಮನಿ ಗಂಡು ಎದುರಿಗೇ ಅದ."

ರಾಚಪ್ಪನಿಗೆ ತರ್ಕಶಾಸ್ತ್ರ ಮೊದಲ ಬಾರಿಗೆ ಉಪಯೋಗಕ್ಕೆ ಬಂತು. ಗಾಡಿ ಬೇಗ ಸರಿಹೋದರೆ ಇವರು ಬೇಗ ಹೋಗುತ್ತಾರೆ. ಅವಲಕ್ಕಿಯ ಮೇಲೇ ಹೋದರೆ 'ನೋಡೂಣ' ಎಂಬುದು ತಾನಾಗಿ 'ಒಲ್ಲೆ' ಆಗುತ್ತದೆ. ಅವನು ಅಂಗಿಯ ತೋಳು ಮಡಚಿದ.

"ನಾ ಕೈ ಹಚ್ತೀನ್ರಿ. ಬೋಲ್ಟು ಬಿಚ್ಚೂ ಪಾನಾ ಎಲ್ಲಿ ಅದ?"

ಗಾಡಿಯನ್ನು ಜಾಕಿನಿಂದ ಎತ್ತಿ ನಾಲ್ಕೂ ಕಡೆ ಕಲ್ಲು ಕೊಟ್ಟರು. ಎಣ್ಣೆಯನ್ನು ಬಕೀಟಿಗೆ ಇಳಿಸಿದರು. ಕಾಕಂಬಿಯಂತೆ ಕಪ್ಪಗೆ, ಸೋಮಾರಿಯಾಗಿ ಇಳಿಯಿತು. ಇಂಜಿನ್ನಿನ ಹೊಟ್ಟೆಗೆ ಕಟ್ಟಿದ್ದ ತಗಡಿನ ತಟ್ಟೆಯ ಬೋಲ್ಟುಗಳನ್ನು ಒಂದೊಂದಾಗಿ ಬಿಚ್ಚಿ ತಟ್ಟೆಯನ್ನು ಕೆಳಗಿಳಿಸಿದರು. ಹಿಂಬದಿಯ ಬೇರಿಂಗಿನ ಟೊಪ್ಪಿಗೆ ಕಳಚಿದಾಗ ಅದರ ತೋಡಿನಲ್ಲಿ ಹಳೆಯ ಹಗ್ಗ ಕಂಡಿತು. ಉಗುರಿನಿಂದ ಮುಟ್ಟಿದರೆ ಟಣ್ ಎನ್ನುವಷ್ಟು ಗಟ್ಟಿ.

"ಹ್ಞುಂ. ಮೆತ್ತಗಿದ್ರ ಹಿಡೀತದ," ಎಂದ ಶಿವಶರಣಪ್ಪ. "ಬಿರುಸಾದ್ರ ಬಿಡ್ತದ."

ಹೊಸ ಹಗ್ಗಕ್ಕೆ ಗಿರಣಿಗೆ ಹೋಗಬೇಕಿತ್ತು. ಅಲ್ಲಿ ಉಗಿಯಂತ್ರಕ್ಕೆ ಹಾಕುವ ಹೆಣೆದ ಹತ್ತಿಯ ಹಗ್ಗ ಸಿಗುತ್ತದೆ. ಗಿರಿಜಾಬಾಯಿ ಕಿಟಕಿಯಿಂದಲೇ ಎಚ್ಚರಿಸಿದರು: "ಅದಕ್ಕ ಚರಬಿ ಹಚ್ಚಿರ್ತಾರಂತ. ಲಿಂಗವಂತರ ಅಂಗಳ. ತರಬ್ಯಾಡ್ರಿ."

"ಹ್ಞುಂ. ಒಣಾದ್ದು ತರ್ತೀನ್ರಿ. ಔಡಲೆಣ್ಣಿ ಕೊಡ್ರಿ, ಅದರಾಗ ನೆನಿ ಹಾಕೂಣ." ಅವನು ತನ್ನ ಉದ್ದನೆಯ ಖಾಕಿ ಕೋಟನ್ನು ಬಿಚ್ಚಿ ರಾಚಪ್ಪನಿಗೆ ಕೊಟ್ಟ. "ಧೋತರ ಹೊಲಸ ಆಗ್ತದ, ಹಾಕ್ಕೋರಿ. ನಾ ಬರೂದ್ರೊಳಗ ಹಳೇ ಹಗ್ಗ ಕೆತ್ತಿ ತಗೀರಿ." ರಾಚಪ್ಪನ ಸೈಕಲ್ಲು ತೆಗೆದುಕೊಂಡು ಹೊರಟ.

ರಾಚಪ್ಪ ಖಾಕಿ ಕೋಟಿನಲ್ಲಿ ಕಾರಿನ ಕೆಳಗೆ ಅಂಗಾತ ಮಲಗಿದ. ಹಿತ್ತಾಳೆಯ ಕಡ್ಡಿಯಿಂದ ಹಗ್ಗ ಕೆತ್ತುತ್ತಿದ್ದಾಗ ಕಣ್ಣಂಚಿನಲ್ಲಿ ಎರಡು ಪಾದಗಳು ಬಂದು ನಿಂತವು. ಇಳಕಲ್ಲ ಸೀರೆಯ ಕೆಂಪು ಅಂಚು. ಬಲಗಾಲಿನ ಚೈನು ಸ್ವಲ್ಪ ಜಾರಿ ಹಿಮ್ಮಡಿಯ ಮೇಲೆ ಕೂತಿತ್ತು. ಅದನ್ನು ಕೈಚಾಚಿ ಸರಿಮಾಡಲು ಇದಕ್ಕಿಂತ ಒಳ್ಳೆಯ ಜಾಗ ದೇವರು ಇನ್ನಾರಿಗೂ ಕೊಟ್ಟಿರಲಿಕ್ಕಿಲ್ಲ ಎಂದುಕೊಂಡ.

"ರೀ..." ಎಂದಳು ಲೀಲಾ.

ಅವನನ್ನು ಅವಳು ಎಂದೂ 'ರೀ' ಎಂದವಳಲ್ಲ. ರಾಚ್ಯಾ ಎನ್ನುತ್ತಿದ್ದಳು. ಹಾಗಾದರೆ ಇವಳು ಕೋಟು ನೋಡಿ ಮೋಸಹೋಗಿದ್ದಾಳೆ! ಗಂಟಲಲ್ಲಿ ಕೂತಿದ್ದ ಕೋತಿ ಬಾಲ ಎತ್ತಿತು.

"ಹ್ಞುಂ," ಎಂದಿತು ಅವನ ಮೂಗು. ಎಂಥ ಹ್ಞುಂ! ಶಿವಶರಣಪ್ಪನ ತಾಯಿಯೂ ಓಗೊಡಬೇಕು.

ಬಳೆಗಳು ಒಂದಿಷ್ಟು ಅಲುಗಿದವು. "ನಾ ಇಲ್ಲಿ ಬಂದದ್ದು ಯಾರಿಗೂ ಹೇಳಬ್ಯಾಡ್ರಿ."

"ಹ್ಞುಂ. ನೋಡೂಣ."

"ನಿಮ್ಮ ಮನಸಿನಾಗ ಏನದ ಹೇಳಿಬಿಡ್ರಿ. ಅವ್ವ ಒಲಿ ಮುಂದ ಕುಂತಾಳ. ಹೂರಣ ಆರಾಕತ್ತೇದ."

"ಹ್ಞುಂ. ನಾ ಒಲ್ಲೆ ಅಂದ್ರ?"

"ಅಂದ್ರ ಅತ್ತಿ ಮಗ ಇದಾನಲ್ರಿ. ರಾಚಪ್ಪ."

ಮೇಲಿನಿಂದ ಒಂದು ಹನಿ ಎಣ್ಣೆ ಅವನ ರೆಪ್ಪೆಯ ಮೇಲೆ ಬಿತ್ತು. ಒರೆಸಲಿಲ್ಲ.

"ಹ್ಞುಂ. ಅಂವ ಹೆಂಗ?"

"ಚಂದ ಇದಾನ್ರಿ. ನಗಸ್ತಾನ. ಸಣ್ಣಾಕಿ ಇದ್ದಾಗಿಂದ ನಗಸಾಕತ್ತ್ಯಾನ."

"ಮತ್ತ?"

"ಮತ್ತೇನ್ರಿ? ಅಪ್ಪನ ದನಿಲೆ ನನ್ನ ಕೇಳ್ಯಾನ. ಸ್ವಾಮಿಗಳ ದನಿಲೆ ಕೇಳ್ಯಾನ. ನಾ ಯಾರಿಗಂತ ಹೌದು ಅನ್ಲಿ? ಸ್ವಾಮಿಗಳಿಗೆ ಹೌದು ಅನ್ಲೇನು?" ಪಾದವೊಂದು ಇನ್ನೊಂದರ ಮೇಲೆ ಹತ್ತಿ ಕೂತಿತು. "ತನ್ನ ದನಿಲೆ ಒಮ್ಮೆ ಕೇಳಿದ್ರ..."

"ಕೇಳಿದ್ರ?"

"ಅದನ್ನ ಅವಂಗ ಹೇಳ್ತೀನ್ರಿ. ನಿಮಗ್ಯಾಕ?"

ಅಷ್ಟು ಹೇಳಿಯೂ ಅವಳು ಅಲ್ಲೇ ನಿಂತಿದ್ದಳು.

ಮೊಳದಷ್ಟು ಜಾರಿ ಹೊರಬಂದಿದ್ದರೆ ಸಾಕಿತ್ತು. ರಾಚಪ್ಪನೂ ಒಮ್ಮೆ ಮೊಣಕೈ ಊರಿದ. ಬಾಯಿ ತೆರೆದು ತನ್ನ ದನಿ ಹುಡುಕಿದ. ಅದು ತುಕ್ಕು ಹಿಡಿದ ಬೋಲ್ಟಿನಂತೆ ಜಪ್ಪಯ್ಯ ಎಂದರೂ ತಿರುಗಲಿಲ್ಲ. ಮಸಿ ಮೋರೆ ಹೊತ್ತು ಈಗ ಹೊರಬಂದು 'ನಾನೇ' ಎಂದರೆ ಏನಾದೀತು? ಅವಳು ನಾಚಿ ಸಾಯುತ್ತಾಳೆ. ಇಲ್ಲವೇ ಬಾಯಿಗೆ ಸೆರಗೊತ್ತಿ ನಗುತ್ತಾಳೆ. ಈ ಸಲ ನಕ್ಕರೆ ತಡೆಯಲು ಆಗುವುದಿಲ್ಲ.

ಅಷ್ಟರಲ್ಲಿ ಒಂದು ಉಪಾಯ ಹೊಳೆಯಿತು. ಶಿವಶರಣಪ್ಪನ ಬಾಯಲ್ಲಿ ಒಪ್ಪಿಗೆ ಹೊರಡಿಸಿಬಿಟ್ಟರೆ? ಇವಳು ಒಳಗೆ ಹೇಳುತ್ತಾಳೆ. ಅತ್ತೆ ಹೊರಗೆ ಬಂದು ಕೇಳುತ್ತಾರೆ. ಆ ಮನುಷ್ಯ 'ಹ್ಞುಂ, ನಾ ಯಾವಾಗ ಅಂದೆ?' ಎನ್ನುತ್ತಾನೆ. ಚನ್ನವೀರಪ್ಪನವರ ಮೀಸೆ ನೆಟ್ಟಗಾಗುತ್ತದೆ. ಸಂಬಂಧ ಅಂಗಳದಲ್ಲೇ ಮುರಿದು ಬೀಳುತ್ತದೆ. ಮರುದಿನ ಮನೆ ಗಂಡು ಮಡಿ ಉಟ್ಟು ಬಂದು ತನ್ನ ದನಿಯಲ್ಲಿ ಕೇಳುತ್ತಾನೆ. ಎಂಥ ಮಸ್ಕರಿ!

"ಹ್ಞುಂ. ಅಂಥಾ ಮಸ್ಕರಿ ಮನಷ್ಯಾನ ನೆಚ್ಚಬಾರದು. ನನಗ ಒಪ್ಪಿಗಿ ಅದ. ಹೂರಣ ಆರಸಬ್ಯಾಡ್ರಿ ಅಂತ ಹೇಳ್ರಿ."

ಪಾದಗಳು ನಿಂತೇ ಇದ್ದವು. ಹೆಬ್ಬೆರಳು ನೆಲದ ಮೇಲಿನ ರಂಗೋಲಿಯ ಪುಡಿಯಲ್ಲಿ ಒಂದು ಗೆರೆ ಎಳೆಯಿತು.

"ಖರೇನಾ?" ದನಿ ಬಹಳ ಸಣ್ಣದಾಗಿತ್ತು.

"ಹ್ಞುಂ. ಖರೇ."

ಸೀರೆಯ ಕೆಂಪು ಅಂಚು ತಿರುಗಿತು, ಹೋಯಿತು.

ಶಿವಶರಣಪ್ಪ ಹಗ್ಗ ತಂದ. ಅದನ್ನು ಔಡಲೆಣ್ಣೆಯಲ್ಲಿ ಚೆನ್ನಾಗಿ ನೆನೆಸಿದರು. ಟೊಪ್ಪಿಗೆಯ ತೋಡಿನಲ್ಲಿ ಅದನ್ನು ಕೂಡಿಸಿ ಅದುಮಲು ದುಂಡನೆಯ ವಸ್ತುವೊಂದು ಬೇಕಿತ್ತು. ರಾಚಪ್ಪ ಅಡಿಗೆಮನೆಯಿಂದ ಲಟ್ಟಣಿಗೆ ಎತ್ತಿಕೊಂಡು ಬಂದ. ಹಗ್ಗದ ಮೇಲೆ ಅದನ್ನು ಹಿಂದೆ ಮುಂದೆ ಉರುಳಿಸುತ್ತಿದ್ದಂತೆ ಒಳಗಿನಿಂದ ಗಿರಿಜಾಬಾಯಿ ಕೂಗಿದರು:

"ಏ ರಾಚ್ಯಾ, ಲಟ್ಟಣಿಗಿ ತಾರೋ! ಹೋಳಿಗಿ ಯಾತರಲೆ ಲಟ್ಟಿಸಲಿ?"

ರಾಚಪ್ಪ ಶಿವಶರಣಪ್ಪನ ಮುಖ ನೋಡಿದ. ಈಗ ಇವನು 'ಯಾರಿಗೆ ಹೋಳಿಗಿ?' ಎಂದು ಕೇಳುತ್ತಾನೆ. ಕೇಳಲಿ.

ಶಿವಶರಣಪ್ಪನ ಕಿವಿಗಳು ಕೆಂಪಾದವು. ಕೈಯಲ್ಲಿದ್ದ ಪಾನಾ ಕೆಳಗಿಟ್ಟು, ಆಚೀಚೆ ನೋಡಿ, ಪಿಸುಮಾತಿಗೆ ಇಳಿದ.

"ಹ್ಞುಂ... ರಾಚಪ್ಪನವರ, ಹೋಳಿಗಿ ಅಂದ್ರು. ಅಂದ್ರ, ಅವರು ಒಪ್ಪ್ಯಾರೇನ್ರಿ?"

"ಅವರು ಅಂದ್ರ?"

"ನಿಮ್ಮ ಮಾವನ ಮಗಳು. ನನಗ ಮುಂಜಾನಿ ನೋಡಿದ ಕೂಡ್ಲೇ ಮನಸಾಗಿತ್ತ್ರಿ. ಆದ್ರ ಅವರ ಮನಸು ಗೊತ್ತಿಲ್ದ ನಾ ಹೆಂಗ ಹೂಂ ಅನ್ಲಿ? ಗಂಡು ಒಪ್ಪಿದ ಮ್ಯಾಲೆ ಹೆಣ್ಣಿಗೆ ಯಾರು ಕೇಳ್ತಾರ? ಅದಕ್ಕ ನೋಡೂಣ, ನೋಡೂಣ ಅನಕೋತ ಕುಂತೆ." ಅವನು ಮೊದಲ ಬಾರಿಗೆ ನಕ್ಕ. ಕೆಟ್ಟ ನಗೆಯಾಗಿರಬೇಕೆಂದು ರಾಚಪ್ಪ ಬಹಳ ಆಸೆಪಟ್ಟ. ಆಗಿರಲಿಲ್ಲ.

ಆಮೇಲಿನ ಕೆಲಸದಲ್ಲಿ ರಾಚಪ್ಪ ಏನು ಮಾಡಿದನೋ ಅವನಿಗೇ ಗೊತ್ತಿಲ್ಲ. ಮೇಲಿನ ಅರ್ಧದ ಹಗ್ಗವನ್ನು ತಂತಿಗೆ ಕಟ್ಟಿ ದಂಡದ ಮೇಲಿನಿಂದ ಎಳೆದುಕೊಳ್ಳಬೇಕಿತ್ತು. ಶಿವಶರಣಪ್ಪ ಕೆಳಗಿನಿಂದ ಎಳೆದ, ರಾಚಪ್ಪ ಮುಂದೆ ನಿಂತು ಹ್ಯಾಂಡಲ್ ತಿರುಗಿಸಿದ. ತುದಿಗಳನ್ನು ಕೂದಲೆಳೆಯಷ್ಟು ಉದ್ದ ಬಿಟ್ಟು ಕತ್ತರಿಸಿದರು. ಟೊಪ್ಪಿಗೆ ಬಿಗಿದಾಗ ಆ ಎರಡೂ ತುದಿಗಳು ಒಂದನ್ನೊಂದು ಒತ್ತಿಕೊಂಡು ಸುಮ್ಮನಾದವು. ತಟ್ಟೆ ಏರಿತು, ಕ್ಲಚ್ಚನ್ನು ಸೀಮೆಎಣ್ಣೆಯಿಂದ ತೊಳೆದದ್ದಾಯಿತು, ಹೊಸ ಎಣ್ಣೆ ಹೊಯ್ದದ್ದಾಯಿತು.

ಊಟಕ್ಕೆ ಮಣೆ ಹಾಕಿದರು. ಸಿದ್ದರಾಮಪ್ಪ, ಚನ್ನವೀರಪ್ಪನವರು, ಶಿವಶರಣಪ್ಪ, ಕೊನೆಗೆ ರಾಚಪ್ಪ. ಹೆಣ್ಣಿನವರು ಗಂಡು ಒಪ್ಪಿದ್ದಾನೆ ಎಂದು ಸಂತೋಷದಲ್ಲಿದ್ದರು. ಗಂಡಿನವರು ಹೆಣ್ಣು ಒಪ್ಪಿದ್ದಾಳೆ ಎಂದು ಸಂತೋಷದಲ್ಲಿದ್ದರು. ಯಾರೂ ಯಾರನ್ನೂ ಏನೂ ಕೇಳಲಿಲ್ಲ. ಕೇಳುವ ಪದ್ಧತಿಯೇ ಇಲ್ಲ. ಇಲ್ಲಿ ಇನ್ನೂ ಯಾರೂ ಯಾರಿಗೂ ಒಪ್ಪಿಗೆ ಕೊಟ್ಟಿಲ್ಲವೆಂದು ಬಲ್ಲವನು ಆ ಸಾಲಿನಲ್ಲಿ ಒಬ್ಬನೇ. ಅವನ ಉಗುರಿನಲ್ಲಿ ಎಣ್ಣೆ ಇತ್ತು.

ಹೋಳಿಗೆಯ ತಾಟು ಹಿಡಿದು ಲೀಲಾಬಾಯಿಯೇ ಬಂದಳು. ಶಿವಶರಣಪ್ಪನ ಎದುರು ಬಗ್ಗಿದಳು. ಹೋಳಿಗೆ ಎತ್ತಿದಳು. ಹಾಕಲಿಲ್ಲ. ಕತ್ತು ತಿರುಗಿಸಿ ಸಾಲಿನ ಕೊನೆಗೆ ನೋಡಿದಳು.

"ರಾಚಪ್ಪಾ, ಏನರೆ ಹೇಳೂದದ ಏನು?"

ಅವಳು ಅವನನ್ನು ಪೂರ್ತಿ ಹೆಸರು ಹಿಡಿದು ಕರೆದದ್ದು ಅದೇ ಮೊದಲು. ಎಲ್ಲರೂ ಅವನ ಕಡೆ ತಿರುಗಿದರು. ಸಿದ್ದರಾಮಪ್ಪನವರ ಮುಖದಲ್ಲಿ ಆಗಲೇ ಅರ್ಧ ನಗು ಬಂದು ಕೂತಿತ್ತು. ಹುಡುಗ ಏನೋ ಒಂದು ಮಾಡುತ್ತಾನೆ ಎಂದು. ಹೋಳಿಗೆಯಿಂದ ಹಬೆ ಏಳುತ್ತಿತ್ತು. ಅವಳ ಬೆರಳು ಸುಡುತ್ತಿರಬೇಕು.

ಹೇಳು, ಎಂದುಕೊಂಡ ರಾಚಪ್ಪ. ಹೇಳಿದರೆ ಶಿವಶರಣಪ್ಪನಿಗೆ ಅವಮಾನ, ಮಾವನಿಗೆ ಅವಮಾನ, ಕಾರಿನ ಕೆಳಗಿದ್ದವನೊಂದಿಗೆ ಆಡಿದ ಮಾತು ಊರಿಗೆಲ್ಲ ಗೊತ್ತಾದರೆ ಅವಳಿಗೆ ಅವಮಾನ. ಇವೆಲ್ಲ ಒಳ್ಳೆಯ ಕಾರಣಗಳು. ನಿಜವಾದ ಕಾರಣವೆಂದರೆ, ಇಷ್ಟು ಮುಖಗಳು ನಗಲು ಸಿದ್ಧವಾಗಿ ಕಾಯುತ್ತಿರುವಾಗ ಬೇರೆ ಏನು ಮಾಡಬೇಕೆಂದು ಅವನಿಗೆ ತಿಳಿದಿರಲಿಲ್ಲ.

ಅವನು ಮೂಗು ಹಿಡಿದುಕೊಂಡ. ಗಂಟಲಿಗೆ ಸೊಲ್ಲಾಪುರದ ಸ್ಟೇಷನ್ ಮಾಸ್ತರರು ಬಂದರು.

"ಅಕ್ಕಲಕೋಟಕ್ಕ ಹೋಗೂ ಮಂದಿ ಗಾಡಿ ಹತ್ತರೀ! ಗಾಡಿ ಬಿಡ್ತದಾ! ಬಿಡ್ತದಾ!"

ಚನ್ನವೀರಪ್ಪನವರಿಗೆ ನಗುತ್ತ ನಗುತ್ತ ನೀರು ನೆತ್ತಿಗೇರಿತು. ಲೀಲಾ ಹೋಳಿಗೆಯನ್ನು ತಾಟಿಗೆ ಬಿಟ್ಟಳು. ಗಿರಿಜಾಬಾಯಿ ಹಿಂದಿನಿಂದ ತುಪ್ಪ ಹೊಯ್ದರು. ಶಿವಶರಣಪ್ಪ ಮುರಿದು ಬಾಯಿಗಿಟ್ಟ.

ಸಂಜೆ ಇಂಜಿನ್ ಶುರುಮಾಡಿ, ಕೆಳಗೆ ಬಿಳಿ ಪಂಚೆಯೊಂದನ್ನು ಹಾಸಿ ಕಾದರು. ಒಂದು ಹನಿಯೂ ಬೀಳಲಿಲ್ಲ. ಗಂಡಸರೆಲ್ಲ ಬಗ್ಗಿ ಪಂಚೆಯನ್ನು ಹೊಗಳುತ್ತಿದ್ದಾಗ ಲೀಲಾ ಕಂಬದ ಬಳಿ ಬಂದು ನಿಂತಳು.

"ಅವರು ಸೈಕಲ್ ಹತ್ತಿ ಹೋಗೂದನ್ನ ನಾ ಮಾಳಿಗಿ ಕಿಡಕಿಯಿಂದ ನೋಡಿದ್ದೆ," ಎಂದಳು. "ಆಮ್ಯಾಲೇ ಕೆಳಗ ಇಳದು ಬಂದೆ."

ರಾಚಪ್ಪನಿಗೆ ತಕ್ಷಣ ಅರ್ಥವಾಗಲಿಲ್ಲ.

"ಗಾಡಿ ಕೆಳಗ ನಾನೇ ಇದ್ದೆ ಅಂತ ಗೊತ್ತಿತ್ತು?"

"ಇಷ್ಟು ದಿನ ನೀ ನನಗ ಮಸ್ಕರಿ ಮಾಡೀದಿ. ಒಮ್ಮೆ ನಾ ನಿನಗ ಮಾಡೂಣಂತ ಬಂದೆ. ಮಾರಿ ಕಾಣದಿದ್ರ ನಾಚಿಕಿ ಬಿಟ್ಟು ಬಾಯಿ ಬಿಡ್ತೀ ಅನಕೊಂಡಿದ್ದೆ."

"ಮತ್ತ ಒಳಗ ಹೋಗಿ ಯಾಕ ಹೇಳಿದಿ?"

"ಒಪ್ಪಿಗಿ ಅದ ಅಂದಾಂವ ನೀನು. ಖರೇನಾ ಅಂತ ಕೇಳಿದೆ. ಖರೇ ಅಂದಿ." ಅವಳು ಸುಟ್ಟ ಬೆರಳನ್ನು ಸೆರಗಿನಿಂದ ಸುತ್ತುತ್ತಿದ್ದಳು. "ಹೋಳಿಗಿ ಹಿಡಕೊಂಡು ಮತ್ತೊಮ್ಮೆ ಕೇಳಿದೆ. ಸ್ಟೇಷನ್ ಮಾಸ್ತರ ಆದಿ."

"ಲೀಲಾ."

ಅದು ತೆಳ್ಳಗಿನ, ಒರಟು ಅಂಚಿನ, ಯಾವ ಸೊಗಸೂ ಇಲ್ಲದ ದನಿ. ಅವಳು ಹುಬ್ಬು ಗಂಟಿಕ್ಕಿ ಅವನ ಮುಖ ನೋಡಿದಳು.

"ಇದು ಯಾರದು?"

"ನಂದು."

ಅವಳು ಕಣ್ಣು ಮುಚ್ಚಿಕೊಂಡಳು. "ಚಂದ ಅದ," ಎಂದಳು.

"ಹ್ಞುಂ! ಏನ್ ನಡದದ ಅಲ್ಲಿ? ನಮಗೂ ಹೇಳ್ರಿ," ಎಂದು ಪಂಚೆ ಮಡಚುತ್ತ ಶಿವಶರಣಪ್ಪ ಕರೆದ. ನಿಶ್ಚಯವಾದ ಮೇಲೆ ಗಂಡಿಗೆ ಅಷ್ಟು ಸಲಿಗೆ ಬಂದಿತ್ತು.

ಲೀಲಾ ತಿರುಗಿ ಮುಖದ ಮೇಲೆ ಒಂದು ನಗು ತಂದುಕೊಂಡಳು. ಎಡಗೆನ್ನೆ ಗುಳಿ ಬಿದ್ದಿರಲಿಲ್ಲ.

"ನೀವು ಗಿರಣಿಗೆ ಹೋದಾಗ ನಮ್ಮ ರಾಚ್ಯಾ ನಿಮ್ಮ ಕೋಟು ಹಾಕ್ಕೊಂಡು ಗಾಡಿ ಕೆಳಗ ಮಲಗಿದ್ದನ್ರಿ. ನೀವೇ ಅಂತ ತಿಳದು ಕೇಳಿದ್ರ, ನಿಮ್ಮ ದನಿಲೆ ಹ್ಞುಂ, ಒಪ್ಪಿಗಿ ಅದ, ಹೋಳಿಗಿ ಮಾಡ್ರಿ ಅಂದ!"

ಗಿರಿಜಾಬಾಯಿ ಬಾಗಿಲಲ್ಲಿ ಎದೆಯ ಮೇಲೆ ಕೈ ಇಟ್ಟುಕೊಂಡರು. ಆಮೇಲೆ ಶಿವಶರಣಪ್ಪ ತೊಡೆ ತಟ್ಟಿಕೊಂಡ.

"ಹ್ಞುಂ! ಕಾಕಾ, ಕೇಳಿದ್ರಿ? ನನ್ನ ಲಗ್ನ ಇವರು ಠರಾಯಿಸ್ಯಾರ! ಇಲ್ಲಾಂದ್ರ ನಾ ಇನ್ನೂ ನೋಡೂಣ ಅನಕೋತ ಕುಂದರ್ತಿದ್ದೆ!"

ಚನ್ನವೀರಪ್ಪನವರು ಮೀಸೆ ಕುಣಿಸಿ ನಕ್ಕರು, ಸಿದ್ದರಾಮಪ್ಪ ಸೋದರಳಿಯನ ಬೆನ್ನು ಗುದ್ದಿ ನಕ್ಕರು, ಗಿರಿಜಾಬಾಯಿ ಬೈಯುತ್ತ ನಕ್ಕರು. ರಾಚಪ್ಪ ಅವರೆಲ್ಲರಿಗಿಂತ ಜೋರಾಗಿ ನಕ್ಕ. ಮಡ್‌ಗಾರ್ಡಿಗೆ ಒರಗಿ, ಹೊಟ್ಟೆ ಹಿಡಿದುಕೊಂಡು, ಎಣ್ಣೆಗೈಯಿಂದಲೇ ಕಣ್ಣು ಒರೆಸಿಕೊಂಡು ನಕ್ಕ. ಉಳಿದವರ ನಗು ಮುಗಿದು, ಬೀಗರು ಗಾಡಿ ಹತ್ತಿ, ಬಾಗಿಲು ಹಾಕಿಕೊಂಡ ಮೇಲೂ ಅವನದು ನಿಲ್ಲಲಿಲ್ಲ; ಕೊನೆಗೆ ಇಂಜಿನ್ನಿನ ಸದ್ದಿನ ಮೇಲೆ ಅದೊಂದೇ ಕೇಳಿಸುತ್ತಿತ್ತು.